ಹಾಜರಿಯ ಸಾಲು

ಹೆಂಚಿನ ಮೇಲಿನ ಜೋಳದ ಭಾಕ್ರಿ ಒಂದು ಮಗ್ಗುಲೂ ಬೆಂದಿರಲಿಲ್ಲ, ಹೊರಗಿನಿಂದ ಮಂದಾರ ಕೂಗಿದ.

"ಅಕ್ಕಾ, ಬಿಸಿಲು ಕಟ್ಟೆಗೆ ಬಂತು. ಈಗಲೇ ಕೂರಿಸಿದರೆ ಒಳ್ಳೇದು. ಆಮೇಲೆ ಆಜಿ ಮುಖ ಸುಟ್ಟ ಹಾಗೆ ಕಾಣುತ್ತೆ."

"ನಮ್ಮ ಆಜಿ ಮಾರಿ ಮೊದಲ ಸುಟ್ಟದಪ್ಪಾ," ಎಂದಳು ಸುರ್ವಂತಾ ಒಲೆಯ ಮುಂದಿನಿಂದ ಏಳದೆ. "ಭಾಕ್ರಿ ಸುಡಬಾರದು. ನನಗ ಅದರದ ಚಿಂತಿ."

ಬಿಜಲಿ ಶಾಲೆಯ ಸಮವಸ್ತ್ರ ಹಾಕಿಕೊಂಡು ಅವಳ ಪಕ್ಕದಲ್ಲೇ ಕುಳಿತಿದ್ದಳು. ಒಂದು ಜಡೆ ಆಗಿತ್ತು, ಇನ್ನೊಂದು ಕಡೆಯ ಕೂದಲು ಹೆಗಲ ಮೇಲೆ ಹಾಗೇ ಹರಡಿತ್ತು. ಸುರ್ವಂತಾ ಹಿಟ್ಟಿನ ಕೈ ಝಾಡಿಸಿ, ಸೆರಗಿಗೆ ಒರೆಸಿ, ಆ ಕೂದಲನ್ನು ಮೂರು ಪಾಲು ಮಾಡಿದಳು.

"ಅವ್ವಾ."

"ಹೂಂ."

ಹುಡುಗಿ ಬಾಯಿ ತೆರೆದಳು. ಒಲೆಯ ಬೆಂಕಿಯನ್ನು ನೋಡಿದಳು. ಆಮೇಲೆ, "ರಿಬ್ಬನ್ ಗಟ್ಟಿ ಕಟ್ಟು. ನಿನ್ನೆ ಬಿಚ್ಚಿತ್ತು," ಎಂದಳು.

ಜೂನಿನಲ್ಲಿ ಪೇಟೆಯ ದೊಡ್ಡ ಶಾಲೆಗೆ ಸೇರಿಸಿದಾಗಿನಿಂದ ಹೀಗೇ. "ಅವ್ವಾ" ಎಂದು ಶುರು ಮಾಡುತ್ತಾಳೆ, ರಿಬ್ಬನ್ನಿಗೋ ಪೆನ್ಸಿಲಿಗೋ ಮುಗಿಸುತ್ತಾಳೆ. ಶಾಲೆಯಲ್ಲಿ ಯಾರೋ ಏನೋ ಅಂದಿದ್ದಾರೆ. ಏನಂದಿದ್ದಾರೆ ಎಂದು ಸುರ್ವಂತಾಳಿಗೆ ಯಾರೂ ಹೇಳಬೇಕಾಗಿಲ್ಲ. ತಾನೂ ಆ ವಯಸ್ಸಿನಲ್ಲಿ ಒಂದು ಪ್ರಶ್ನೆಯನ್ನು ದವಡೆಯಲ್ಲಿಟ್ಟುಕೊಂಡು ತಿರುಗಿದವಳೇ. ಕೊನೆಗೂ ಕೇಳಲಿಲ್ಲ, ನುಂಗಿದಳು. ಮಗಳದ್ದನ್ನು ಎಳೆದು ತೆಗೆಯುವ ಮನಸ್ಸು ಅವಳಿಗಿಲ್ಲ. ಕಾಯಿ ಹಣ್ಣಾಗುವ ತನಕ ಗಿಡ ಅಲ್ಲಾಡಿಸಬಾರದು. ಆದರೆ ಮಗಳೂ ನುಂಗಿಬಿಟ್ಟರೆ ಏನು ಗತಿ ಎಂಬ ಹೆದರಿಕೆ ಒಂದಿತ್ತು. ಆಜಿಯನ್ನು ಮಾತಾಡಿಸುವ ಈ ಸಿನಿಮಾಕ್ಕೆ ಕೈಹಾಕಿದ್ದೇ ಆ ಹೆದರಿಕೆಯಿಂದ. ಕ್ಯಾಮೆರಾ ಕೊಟ್ಟ ಪುಣೆಯವರ ಮುಂದೆ ಅವಳು ಬೇರೆ ಬೇರೆ ಕಾರಣ ಹೇಳಿದ್ದಳು, ಅವೂ ಸುಳ್ಳಲ್ಲ.

ಸಕ್ಕರೆ ಕಾರ್ಖಾನೆಯ ರಸ್ತೆ ದಾಟಿದ ಮೇಲೆ, ಕಬ್ಬಿನ ಹೊಲಗಳಿಗೂ ಜಾಲಿಗಿಡಗಳಿಗೂ ನಡುವೆ, ಬೇಟೆಯ ಕುಲದ ಪಾರಧಿಗಳ ಈ ಗುಡಿಸಲು ಬಸ್ತಿ. ಇಲ್ಲಿ ಹೆಸರಿಡುವುದಕ್ಕೆ ಪಂಚಾಂಗ ಬೇಡ. ಹುಟ್ಟಿದ ಹೊತ್ತಿಗೆ ಕಣ್ಣಿಗೋ ಕಿವಿಗೋ ಬಿದ್ದದ್ದೇ ಹೆಸರು. ಕಂಬಕ್ಕೆ ಕರೆಂಟು ಬಂದ ವಾರ ಹುಟ್ಟಿದವಳು ಬಿಜಲಿ. ಸುರ್ವಂತಾಳ ತಮ್ಮ ಹುಟ್ಟುವಾಗ ಗುಡಿಸಲ ಹೊರಗೆ ಪೊಲೀಸರು ನಿಂತಿದ್ದರು, ಅವನು ಇನ್‌ಸ್ಪೆಕ್ಟರ್ ಆದ. ಮೊದಲ ಸಲ ಅವನನ್ನು ಹಿಡಿದುಕೊಂಡು ಹೋದಾಗ ಹೆಸರು ಕೇಳಿದ್ದಕ್ಕೆ ನಿಜವನ್ನೇ ಹೇಳಿದ. ಅದಕ್ಕಾಗಿ ಎರಡು ಏಟು ಹೆಚ್ಚು ಬಿದ್ದವು. ಆ ಕಥೆಯನ್ನು ಅವನು ನಗುತ್ತಲೇ ಹೇಳುತ್ತಾನೆ. ನಗದೆ ಹೇಳಲು ಅವನಿಗೆ ಬರುವುದಿಲ್ಲ.

ಸುರ್ವಂತಾ ಕ್ಯಾಮೆರಾ ಕಲಿತದ್ದು ಮದುವೆಗಳಲ್ಲಿ. ಗಂಡ ತೀರಿಕೊಂಡ ಮೇಲೆ ಪೇಟೆಯ ಫೋಟೋ ಸ್ಟುಡಿಯೋದವನ ಹಿಂದೆ ಲೈಟು ಹಿಡಿಯಲು ಹೋಗುತ್ತಿದ್ದಳು. "ಯಾವ ಕಾಳೆ ಅಂತ ಕೇಳಿದ್ರ ಸುಮ್ಮನ ನಗು," ಎಂದು ಮಾಲೀಕ ಹೇಳಿಕೊಟ್ಟಿದ್ದ. ಕಾಳೆ ಎಂಬ ಅಡ್ಡಹೆಸರು ಬ್ರಾಹ್ಮಣರಿಗೂ ಉಂಟು, ಮರಾಠರಿಗೂ ಉಂಟು, ಪಾರಧಿಗಳಿಗೂ ಉಂಟು. ಕೆಲವು ವರ್ಷ ನಕ್ಕಳು. ಒಂದು ಮದುವೆಯಲ್ಲಿ ನಗುವುದು ಬೇಸರವಾಗಿ ಪಾರಧಿ ಎಂದೇ ಹೇಳಿಬಿಟ್ಟಳು. ಮದುಮಗಳ ಒಡವೆಗಳನ್ನು ಅವತ್ತು ಮೂರು ಸಲ ಎಣಿಸಿದರು. ಎಲ್ಲ ಸರಿಯಾಗಿಯೇ ಇದ್ದವು, ಅವಳ ಕೆಲಸ ಮಾತ್ರ ಹೋಯಿತು. ಆಮೇಲೆ ಪುಣೆಯಲ್ಲಿ ಹೆಂಗಸರಿಗೆ ಸಾಕ್ಷ್ಯಚಿತ್ರ ಕಲಿಸುವ ಒಂದು ಸಂಸ್ಥೆ ಸಿಕ್ಕಿತು. ಈಗಿನ ಕ್ಯಾಮೆರಾ ಆ ಸಂಸ್ಥೆಯದು. ಮೈಕು ಹಿಡಿಯಲು ಬಂದಿರುವ ಮಂದಾರನೂ ಅಲ್ಲಿಯ ಹುಡುಗನೇ. ಓದಿದವನು, ಒಳ್ಳೆಯವನು. ಬಸ್ತಿಯ ನೀರು ಕುಡಿದು ಹೊಟ್ಟೆ ಕೆಟ್ಟರೂ ಬಾಟಲಿ ನೀರು ತರಿಸಿರಲಿಲ್ಲ.

ಝಿಂಗೂ ಆಜಿ ಆಗಲೇ ಕಟ್ಟೆಯ ಮೇಲೆ ಕುಳಿತು ಸುಟ್ಟ ತಂಬಾಕಿನ ಮಿಸ್ರಿಪುಡಿಯಿಂದ ಹಲ್ಲು ತಿಕ್ಕುತ್ತಿದ್ದಳು. ಸುರ್ವಂತಾಳ ತಂದೆಯ ತಾಯಿ ಅವಳು. ಸೋಲಾಪುರದ ಸೆಟ್ಲಮೆಂಟಿನ ಮುಳ್ಳುತಂತಿಯೊಳಗೆ ಹುಟ್ಟಿದವರಲ್ಲಿ ಈ ಬಸ್ತಿಗೆ ಉಳಿದವಳು ಅವಳೊಬ್ಬಳೇ. ಇಂಗ್ರೇಜರ ಕಾನೂನು ಜಾತಿಗೆ ಜಾತಿಯನ್ನೇ ಕಳ್ಳರೆಂದು ಬರೆದು ಆ ತಂತಿಯೊಳಗೆ ಹಾಕಿತ್ತು. ದೇಶಕ್ಕೆ ಸ್ವಾತಂತ್ರ್ಯ ಬಂದು ಐದು ವರ್ಷವಾದ ಮೇಲೆ ತಂತಿ ಕಿತ್ತರು. ಅಲ್ಲಿಯ ಮಾತನ್ನು ಆಜಿ ಒಂದು ದಿನವೂ ಆಡಿದವಳಲ್ಲ. ಬೇಟೆಯ ಮಾತು ತೆಗೆದರೆ ಬಾಯಲ್ಲೇ ತಿತ್ತಿರಿ ಹಕ್ಕಿಯ ಕೂಗು ಹಾಕಿ ತೋರಿಸುತ್ತಾಳೆ. ತಂತಿಯ ಮಾತು ತೆಗೆದರೆ ಎದ್ದು ಹೋಗುತ್ತಾಳೆ. ಈ ಸಲ ಮಾತ್ರ, ಮರಿಮಗಳ ಸಲುವಾಗಿ ಎಂದು ಮೊಮ್ಮಗಳು ಬೇಡಿಕೊಂಡಾಗ, "ಆತ್ ತಗೋ, ಅದೇನ್ ಕೇಳ್ತಿ ಕೇಳು," ಎಂದಿದ್ದಳು.

ಮಂದಾರ ಕೂದಲ ಕವಚದ ಮೈಕನ್ನು ಉದ್ದ ಕೋಲಿಗೆ ಸಿಕ್ಕಿಸಿ ಅವಳ ತಲೆಯ ಮೇಲೆ ಚಾಚಿದ.

"ಏನೋ ಅದು, ಸತ್ತ ಮುಂಗಸಿ?" ಎಂದಳು ಆಜಿ.

"ಮೈಕು, ಆಜಿ. ನೀವು ಹೇಳಿದ್ದನ್ನೆಲ್ಲ ಇದು ಕೇಳಿಸಿಕೊಳ್ಳುತ್ತೆ."

"ನಾ ಹೇಳಿದ್ದ ನನ್ನ ಗಂಡನ ಕೇಳ್ಲಿಲ್ಲ. ಮುಂಗಸಿ ಕೇಳ್ತದಂತ." ಆಜಿ ಕಪ್ಪಗೆ ಉಗುಳಿ ಬಾಯಿ ಒರೆಸಿಕೊಂಡಳು. "ನಿನಗ ನಿಮ್ಮವ್ವ ಹಾಲ ಕುಡಿಸ್ಯಾಳಿಲ್ಲೋ? ಆ ಕೋಲು ನೀನು ಒಂದ ಅಳತಿ ಇದ್ದೀರಿ."

ಸುರ್ವಂತಾ ಭಾಕ್ರಿಯನ್ನು ಹೆಂಚಿನ ಮೇಲೇ ಬಿಟ್ಟು ಬಂದಳು. ಕಿವಿಗೆ ಹೆಡ್‌ಫೋನು ಏರಿಸಿ ಕ್ಯಾಮೆರಾದ ಹಿಂದೆ ಬಗ್ಗಿದಳು. ಧ್ವನಿ ಸರಿಯಾಗಿ ಬರುತ್ತಿದೆಯೇ ಎಂದು ನೋಡಲು ಎಲ್ಲರನ್ನೂ ಒಂದೇ ಮಾತು ಕೇಳುವುದು ಈ ಕೆಲಸದ ರೂಢಿ. ಹೆಸರೇನು, ಬೆಳಿಗ್ಗೆ ಏನು ತಿಂದಿರಿ. ಉತ್ತರ ಯಾರಿಗೂ ಬೇಕಾಗಿರುವುದಿಲ್ಲ. ಕಿವಿ ಮುಚ್ಚಿಕೊಂಡವರ ದನಿ ತಮಗೇ ತಿಳಿಯದಂತೆ ಏರಿಬಿಡುತ್ತದೆ. ಸುರ್ವಂತಾಳ ದನಿಯೂ ಏರಿತು.

"ಹೆಸರ ಹೇಳು."

ಆಜಿಯ ಮುಖದಿಂದ ಚೇಷ್ಟೆ ಹೋಯಿತು. ಅವಳು ಕಟ್ಟೆಯಿಂದ ಜಾರಿ ನೆಲಕ್ಕಿಳಿದಳು, ಕುಕ್ಕರಗಾಲಿನಲ್ಲಿ ಕುಳಿತಳು. ಎರಡು ಅಂಗೈಗಳನ್ನೂ ಮೇಲಕ್ಕೆ ಮಾಡಿ ಮೊಣಕಾಲ ಮೇಲೆ ಇಟ್ಟಳು. ಕಣ್ಣು ನೆಲದ ಮೇಲೆ.

"ಝಿಂಗೂ. ಅಪ್ಪ ಢವಳ್ಯಾ. ಹಾಜರ್."

ಅದು ಮುದುಕಿಯ ದನಿಯಾಗಿರಲಿಲ್ಲ. ಹೆಡ್‌ಫೋನಿನಲ್ಲಿ ಅದು ಸುರ್ವಂತಾಳ ಕಿವಿಯೊಳಗೇ ಯಾವುದೋ ಸಣ್ಣ ಹುಡುಗಿ ಬಾಯಿಟ್ಟು ಹೇಳಿದಂತೆ ಬಂತು. ಬಾಗಿಲಲ್ಲಿ ನಿಂತಿದ್ದ ಬಿಜಲಿ ಅರ್ಧ ಜಡೆಯನ್ನು ಕೈಯಲ್ಲಿ ಹಿಡಿದುಕೊಂಡು ನೋಡುತ್ತಿದ್ದಳು.

ಮಂದಾರ ಬಹಳ ಮೆಲ್ಲಗೆ, "ಅಕ್ಕಾ, ಕ್ಯಾಮೆರಾ ಓಡ್ತಾ ಇತ್ತಾ?" ಎಂದ.

"ಇತ್ತು."

"ಇದೇ ಸಿನಿಮಾ. ಪೂರ್ತಿ ಸಿನಿಮಾನೇ ಇದರಲ್ಲಿದೆ. ಕೋಲಿನ ನೆರಳು ಸ್ವಲ್ಪ ಬಿತ್ತು ಅನಿಸುತ್ತೆ. ಇನ್ನೊಂದು ಸಲ ಕೇಳು, ಅದೇ ಥರ, ಗಟ್ಟಿಯಾಗಿ."

ಸುರ್ವಂತಾ ಹೆಡ್‌ಫೋನು ಕಿತ್ತು ಕೊರಳಿಗೆ ಇಳಿಸಿದಳು. ಹೋಗಿ ಆಜಿಯ ರಟ್ಟೆ ಹಿಡಿದು ಎಬ್ಬಿಸಿದಳು. ಸೀರೆಗೆ ಹತ್ತಿದ ಮಣ್ಣು ಕೊಡವಿದಳು. ಆಜಿಗೆ ಏನಾಯಿತೆಂದು ಆಜಿಗೇ ಗೊತ್ತಿದ್ದಂತಿರಲಿಲ್ಲ. "ಕಾಲ ಜಾರಿತೇನೋ," ಎಂದು ಗೊಣಗಿದಳು. ಸುರ್ವಂತಾ ಕ್ಯಾಮೆರಾದ ಬಳಿಗೆ ಬಂದು ಎರಡು ಗುಂಡಿ ಒತ್ತಿದಳು.

"ಅಳಿಸಿದೆಯಾ?" ಮಂದಾರನ ಬಾಯಿ ತೆರೆದೇ ಉಳಿಯಿತು. "ಅಕ್ಕಾ, ಅದು ಸತ್ಯ ಅಲ್ವಾ? ನಾವು ಹುಡುಕಿಕೊಂಡು ಬಂದದ್ದೇ ಅದನ್ನಲ್ವಾ?"

"ಸತ್ಯನ. ಆದ್ರ ಆಕಿನ್ನ ಕುಂಡ್ರಿಸಿದಾಕಿ ನಾನು. ಆಗ ತಂತಿಯೊಳಗ ಸಾಹೇಬ ಕುಂಡ್ರಸ್ತಿದ್ದ, ಇವತ್ತ ನಾ ಕುಂಡ್ರಿಸಿದೆ." ಅವಳ ದನಿ ತಗ್ಗಿಯೇ ಇತ್ತು. "ನಮ್ಮ ಮಂದಿ ನೆಲದ ಮ್ಯಾಲ ಕುಂತಿದ್ದನ್ನ ತೋರ್ಸಿದವ್ರು ಬಾಳ ಮಂದಿ ಆಗ್ಯಾರ ಮಂದಾರ. ಅವ್ರ ಸಿನಿಮಾಕ್ಕ ಬಹುಮಾನ ಬಂದಾವ, ನಮಗ ಮತ್ತೊಂದ ಹಾಜರಿ ಸಾಲು ಬಂದದ. ನನ್ನ ಕ್ಯಾಮೆರಾದಾಗ ಅದು ಇರೂದಿಲ್ಲ."

"ಪುಣೆಯಲ್ಲಿ ಕೇಳಿದರೆ ಏನು ಹೇಳಲಿ?"

"ಅಕ್ಕಗ ತಲಿ ಕೆಟ್ಟದ ಅಂತ ಹೇಳು."

ಅಷ್ಟರಲ್ಲಿ ಆಜಿ ಮೂಗು ಏರಿಸಿದಳು. "ಭಾಕ್ರಿ ಸುಟ್ಟತು. ಹೆಂಚಿನ ಮ್ಯಾಲ ಇಟ್ಟ ಮದುವಿ ಮೆರವಣಿಗಿ ನೋಡಾಕ ಬಂದಾಳ ನೋಡು, ಹೊಲಸ ಹುಡುಗಿ." ಬೈಯುತ್ತ ಅವಳೇ ಒಳಗೆ ಹೋದಳು, ಕರಿಕಾದ ಭಾಕ್ರಿಯನ್ನು ನಾಯಿಗೆ ಎಸೆದಳು, ಹಿಟ್ಟಿನ ತಟ್ಟೆಯ ಮುಂದೆ ಕುಳಿತು ನಾದತೊಡಗಿದಳು.

ಸುರ್ವಂತಾ ಅದನ್ನು ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಕ್ಯಾಮೆರಾವನ್ನು ಮೂರು ಕಾಲಿನ ಸ್ಟ್ಯಾಂಡಿನಿಂದ ಬಿಚ್ಚಿ ಒಳಗೆ ತಂದು, ಬೋರಲು ಹಾಕಿದ ಕೊಡದ ಮೇಲೆ ಆಜಿಯ ಮುಖದ ಎತ್ತರಕ್ಕೇ ಇಟ್ಟಳು. ಹೆಡ್‌ಫೋನು ಹಾಕಿಕೊಳ್ಳಲಿಲ್ಲ. ಮಂದಾರನಿಗೆ ಹೊಸ್ತಿಲ ಹೊರಗೆ ನಿಂತೇ ಕೋಲು ಚಾಚಲು ಸನ್ನೆ ಮಾಡಿ, ತಾನು ಒಲೆಯ ಇನ್ನೊಂದು ಬದಿಗೆ ಕುಳಿತು ಊದುಗೊಳವೆ ಹಿಡಿದಳು. ಮಕ್ಕಳ ಹೊಟ್ಟೆಯ ಮಾತು ಹೊರಬರುವುದು ತಾಯಿಯ ಕೈ ಕೆಲಸದಲ್ಲಿದ್ದಾಗ. ಕಣ್ಣಲ್ಲಿ ಕಣ್ಣಿಟ್ಟು ಕೇಳಿದರೆ ಯಾರೂ ಹೇಳುವುದಿಲ್ಲ. ಮುದುಕರೂ ಅಷ್ಟೇ ಇರಬೇಕು.

ಆಜಿ ಒಂದು ಭಾಕ್ರಿ ಬಡಿದಳು, ಎರಡನೆಯದು ಬಡಿದಳು. ಹಿಟ್ಟಿನ ಮೇಲೆ ಅಂಗೈ ಬೀಳುವ ಸಪ್ಪಳವೇ ಸಪ್ಪಳ.

"ಅಲ್ಲಿ ಜ್ವಾಳ ಕೊಡ್ತಿದ್ರು, ಹುಳ ಬಿದ್ದದ್ದು," ಎಂದಳು, ಯಾರೂ ಕೇಳದೆ. "ನಮ್ಮವ್ವ ಅದನ್ನ ಆರಿಸಿ ಆರಿಸಿ ಕಣ್ಣ ಕಳಕೊಂಡ್ಲು."

ಸುರ್ವಂತಾ ಒಲೆ ಊದಿದಳು.

"ದಿನಾ ಹಾಜರಿ. ಮುಂಜಾನಿ ಒಂದ, ಸಂಜಿಗೊಂದ. ಜ್ವರ ಬರ್ಲಿ, ಮುಟ್ಟಾಗ್ಲಿ, ಗಂಡ ಸಾಯ್ಲಿ, ಸಾಲಿನಾಗ ಕುಂಡ್ರಬೇಕು. ನಾ ಹುಟ್ಟಿದ ಮರುದಿನ ನಮ್ಮವ್ವ ನನ್ನ ಸೆರಗಿನಾಗ ಕಟಗೊಂಡ ಹೋಗಿ ಸಾಲಿನಾಗ ಕುಂತ್ಲಂತ. ಸಾಹೇಬ ಬಡಿಗಿ ತುದೀಲೆ ಸೆರಗ ಸರಿಸಿ ನೋಡಿ, 'ಕಳ್ಳರಾಗ ಒಂದ ಹೆಚ್ಚಾತು' ಅಂದ್ನಂತ. ಕಣ್ಣ ಸೈತ ಬಿಟ್ಟಿದ್ದಿಲ್ಲ ನಾ." ಆಜಿ ಭಾಕ್ರಿ ತಿರುವಿದಳು. ಉಬ್ಬಿದ ಭಾಕ್ರಿಯನ್ನು ಬೆರಳಿನಿಂದ ಒತ್ತಿ ಒಲೆಯ ಗೋಡೆಗೆ ನಿಲ್ಲಿಸಿದಳು. "ಇದನ್ನ ನಮ್ಮವ್ವ ನನಗ ನಗಿಮಾತ ಮಾಡಿ ಹೇಳ್ತಿದ್ಲು. ನಾನೂ ನಗ್ತಿದ್ದೆ."

ಬಿಜಲಿ ನಗಲಿಲ್ಲ. "ಅವ್ವಾ," ಎಂದಳು.

"ಹೂಂ?"

ಅವಳ ತುಟಿ ಅಲುಗಿತು. ಅದೇ ಹೊತ್ತಿಗೆ ಬಸ್ತಿಯ ನಾಯಿಗಳೆಲ್ಲ ಒಮ್ಮೆಗೇ ಬೊಗಳಿದವು.

ಕಾರ್ಖಾನೆಯ ರಸ್ತೆಯಲ್ಲಿ ಧೂಳು ಎದ್ದಿತ್ತು. ಯಾರೂ "ಪೊಲೀಸ್" ಎನ್ನಲಿಲ್ಲ. ತಮ್ಮ ಇನ್‌ಸ್ಪೆಕ್ಟರ್ ತನ್ನ ಗುಡಿಸಲಿನಿಂದ ಬರಿಮೈಯಲ್ಲಿ ಹೊರಬಂದು, ಅಕ್ಕನ ಕಡೆಗೊಮ್ಮೆ ನೋಡಿ, ಕಬ್ಬಿನೊಳಗೆ ನುಗ್ಗಿದ. ಅವನ ಹಿಂದೆ ಉಳಿದ ಗಂಡಸರೂ ಹೋದರು. ಚಹಾ ಅರ್ಧ ಕುಡಿದವನು ಬಟ್ಟಲನ್ನು ಬಾಗಿಲಲ್ಲೇ ಇಟ್ಟು ಹೋದ. ಜೀಪು ಜಾಲಿಮರಗಳನ್ನು ದಾಟುವ ಹೊತ್ತಿಗೆ ಬೇವಿನ ಮರದ ಮುಂದಿನ ಬಯಲಲ್ಲಿ ಹೆಂಗಸರು, ಮುದುಕರು ಒಂದು ಸಾಲಿನಲ್ಲಿ ಕುಕ್ಕರಿಸಿ ಕುಳಿತಾಗಿತ್ತು. ಸಾಲಿನ ಮೊದಲಿಗೆ ಆಜಿ. ಬೆರಳ ಸಂದಿಯಲ್ಲಿ ಇನ್ನೂ ಹಸಿ ಹಿಟ್ಟು.

"ಎಲ್ಲಿ ಹೋದರು ಎಲ್ಲ?" ಎಂದ ಮಂದಾರ. "ಯಾರು ಕರೆದರು ಇವರನ್ನು?"

ಸುರ್ವಂತಾ ನೋಡುತ್ತಿದ್ದದ್ದು ಆಜಿಯ ಪಕ್ಕಕ್ಕೆ. ಬಿಜಲಿ ಅಲ್ಲಿ ಕುಳಿತಿದ್ದಳು. ಇಸ್ತ್ರಿ ಮಾಡಿದ ನೀಲಿ ಲಂಗ ಧೂಳಿನಲ್ಲಿ. ಅಂಗೈ ಎರಡೂ ಮೇಲಕ್ಕೆ, ಮೊಣಕಾಲ ಮೇಲೆ. ಕಣ್ಣು ನೆಲಕ್ಕೆ. ಒಂದಿಷ್ಟೂ ತಪ್ಪಿರಲಿಲ್ಲ. ಯಾರೂ ಕಲಿಸದೆ ಮಕ್ಕಳು ನಡೆಯಲು ಕಲಿಯುತ್ತವಲ್ಲ, ಹಾಗೆ.

ಸುರ್ವಂತಾ ಒಳಗೆ ಹೋಗಿ ಕ್ಯಾಮೆರಾ ತಂದಳು. ಕಟ್ಟೆಯ ಬಳಿ ಉಳಿದಿದ್ದ ಸ್ಟ್ಯಾಂಡನ್ನು ಬಯಲಲ್ಲಿ ಊರಿ ಅದರ ಮೇಲೆ ಕೂರಿಸಿದಳು. ಸಾಲಿಗೆ ಬೆನ್ನು ಮಾಡಿ ನಿಂತಳು.

ಜೀಪಿನಿಂದ ಮೋರೆ ಹವಾಲ್ದಾರ ಇಳಿದ. ಬಹಳ ವರ್ಷಗಳಿಂದ ಬರುವವನು, ಎಲ್ಲರ ಹೆಸರೂ ಬಲ್ಲವನು. ಅವನ ಹಿಂದೆ ಇಬ್ಬರು ಕಾನ್‌ಸ್ಟೇಬಲ್‌ಗಳು ಗುಡಿಸಲುಗಳ ಕಡೆ ನಡೆದರು.

"ಏನ್ ಝಿಂಗೂಬಾಯಿ, ಇನ್ನಾ ಸತ್ತಿಲ್ಲೇನ?"

"ನೀವ್ ಬರೂದ್ ಬಿಟ್ರ ಸಾಯ್ತೀನ್ರಿ ಸಾಹೇಬ್ರ," ಎಂದಳು ಆಜಿ ನೆಲ ನೋಡುತ್ತಲೇ. "ನಾ ಸತ್ರ ನಿಮಗ ಯಾರದಾರ್ರಿ ಪಾಪ."

ಮೋರೆ ನಕ್ಕ. ಕ್ಯಾಮೆರಾ ಕಂಡು ಟೊಪ್ಪಿಗೆ ಸರಿಮಾಡಿಕೊಂಡ. "ಟೀವಿಯವ್ರೇನ? ಹಿಂಗ ನನ್ನ ಕಡೆ ಯಾಕ? ಅವ್ರ ಕಡೆ ತಿರುಗ್ಸು. ಸಾಲು ಚಂದ ಬರ್ತದ."

"ಸಾಲು ಬಾಳ ಸಲ ತಗದಾಗ್ಯದ್ರಿ. ಇವತ್ತ ನಿಮ್ಮದು."

ಆಗ ಅವನು ಕ್ಯಾಮೆರಾದ ಹಿಂದಿನ ಮುಖ ಗುರುತು ಹಿಡಿದ. "ಅರೆ, ನೀ ಇನ್‌ಸ್ಪೆಕ್ಟರನ ಅಕ್ಕ ಅಲ್ಲೇನ? ಬಂದ್ ಮಾಡು ಅದನ್ನ."

"ಧ್ವನಿ ನೋಡಬೇಕ್ರಿ. ನಿಮ್ಮ ಹೆಸರ ಹೇಳ್ರಿ ಸಾಹೇಬ್ರ. ಮತ್ತ ಮುಂಜಾನಿ ಏನ್ ತಿಂದ್ರಿ?"

ಸಾಲಿನಲ್ಲಿ ಯಾರೋ ಮೂಗಿನಿಂದ ನಕ್ಕರು. ಮೋರೆಯ ಕಿವಿ ಕೆಂಪಾಯಿತು. ಅವನು ಹತ್ತಿರ ಬಂದ, ದನಿ ಇಳಿಸಿದ. "ನೋಡವಾ, ನಿನಗ ಒಂದ ಮಾತ ಹೇಳ್ತೀನಿ. ರಾತ್ರಿ ಪಾಟೀಲರ ಬೋರವೆಲ್ಲಿನ ಕೇಬಲ್ ಹೋಗ್ಯದ. ನಾ ಯಾರರೆ ಒಬ್ಬನ್ನ ಒಯ್ಯಬೇಕು. ಇದನ್ನ ಬಂದ್ ಮಾಡಿದಿ ಅಂದ್ರ ನಿನ್ನ ತಮ್ಮನ ಹೆಸರ ನನಗ ಮರೀತದ. ಬಂದ್ ಮಾಡ್ಲಿಲ್ಲಂದ್ರ ಸಂಜಿಕ ಅವ್ನು ಠಾಣೇದಾಗ ಇರ್ತಾನ. ಹ್ಯಾಂಗ ಮಾಡ್ತಿ?"

ಸುರ್ವಂತಾಳ ಬೆರಳು ಗುಂಡಿಯ ಮೇಲೇ ಇತ್ತು. ಹವಾಲ್ದಾರನ ಹೆಗಲಾಚೆ ಕಬ್ಬಿನ ಹೊಲ ಕಾಣುತ್ತಿತ್ತು. ಗಾಳಿ ಇದ್ದರೂ ಅಲ್ಲೊಂದು ಕಡೆ ಗರಿಗಳು ಅಲುಗುತ್ತಿರಲಿಲ್ಲ, ಯಾರೋ ಹಿಡಿದು ನಿಲ್ಲಿಸಿದ ಹಾಗೆ. ಹೋದ ಸಲ ಒಯ್ದಾಗ ತಮ್ಮ ತಿರುಗಿ ಬಂದವನು ಎರಡು ವಾರ ಅಂಗಾತ ಮಲಗಿರಲಿಲ್ಲ. ಅವನ ಬೆನ್ನಿಗೆ ಅರಿಸಿನ ಹಚ್ಚಿದ್ದು ಇದೇ ಬೆರಳುಗಳು. ಈಗಲೂ ಗುಂಡಿ ಒತ್ತಿದರೆ ಜೀಪು ಬೇರೆ ಯಾರನ್ನಾದರೂ ಹತ್ತಿಸಿಕೊಂಡು ಹೋಗುತ್ತದೆ, ತಮ್ಮ ಮಧ್ಯಾಹ್ನದ ಊಟಕ್ಕೆ ಬರುತ್ತಾನೆ. ನಾಳೆ ಮತ್ತೆ ನಾಯಿ ಬೊಗಳುತ್ತದೆ. ಬಿಜಲಿ ಮತ್ತೆ ಹೋಗಿ ಕೂರುತ್ತಾಳೆ. ಇನ್ನೂ ಸ್ವಲ್ಪ ದೊಡ್ಡವಳಾದ ಮೇಲೆ, ಎಲ್ಲರಿಗಿಂತ ಮೊದಲು ಹೋಗಿ ಕೂರುತ್ತಾಳೆ.

ಅವಳು ಬೆರಳು ತೆಗೆದಳು. ಕ್ಯಾಮೆರಾದ ಕೆಂಪು ದೀಪ ಹಾಗೇ ಉರಿಯಿತು.

"ಯಾರ ಮ್ಯಾಲ ತಕರಾರ ಬಂದದ, ಹೆಸರ ಹೇಳ್ರಿ," ಎಂದಳು. "ನಮ್ಮ ಪೈಕಿ ಯಾರರೆ ಕೇಬಲ್ ಕೊಯ್ದದ್ದನ್ನ ಯಾರ ನೋಡ್ಯಾರ, ಹೇಳ್ರಿ. ಅದನ್ನ ಹೇಳಿದ್ರ ಬಂದ್ ಮಾಡ್ತೀನಿ."

"ನೋಡೂದೇನ ಬಂತು ಅದರಾಗ?" ಮೋರೆಗೆ ತಾಳ್ಮೆ ಮುಗಿದಿತ್ತು. ಆದರೂ ಅವನು ಒದರಲಿಲ್ಲ. ಸೂರ್ಯ ಮೂಡಣದಲ್ಲಿ ಹುಟ್ಟುತ್ತಾನೆ ಎನ್ನುವಷ್ಟು ಸಹಜವಾಗಿ ಹೇಳಿದ. "ಹುಟ್ಟಾ ಕಳ್ಳರು ನೀವು. ನಾ ಅನ್ನೂದಲ್ಲವಾ, ಊರಿಗೆಲ್ಲ ಗೊತ್ತಿದ್ದದ್ದು." ಅಂದವನೇ ಅಂಗೈ ಅಗಲಿಸಿ ಕ್ಯಾಮೆರಾದ ಕಣ್ಣಿಗೆ ಅಡ್ಡ ಹಿಡಿದ.

ಸುರ್ವಂತಾ ಆ ಕೈಯನ್ನು ತಳ್ಳಲಿಲ್ಲ, ಜಾಗವನ್ನೂ ಬಿಡಲಿಲ್ಲ. ಕಾಣದಿದ್ದರೂ ಕೇಳುತ್ತದೆ ಎಂದುಕೊಂಡಳು.

ಬೆನ್ನ ಹಿಂದೆ ಯಾರೋ ಎದ್ದ ಸಪ್ಪಳವಾಯಿತು. ಮಂದಾರನ ಕಣ್ಣು ಆ ಕಡೆ ಹೊರಳಿತು, ಅವನ ಕೈಯ ಕೋಲೂ ನಿಧಾನವಾಗಿ ಹೊರಳಿತು. ಸುರ್ವಂತಾ ತಿರುಗಿ ನೋಡಿದಳು.

ಬಿಜಲಿ ಸಾಲಿನಿಂದ ಎದ್ದು ನಿಂತಿದ್ದಳು. ಆಜಿ ಅವಳ ಲಂಗದ ಅಂಚು ಹಿಡಿದು ಎಳೆಯುತ್ತಿದ್ದಳು, "ಕೂಡ್ ಬೇ, ಕೂಡ್." ಹುಡುಗಿ ಆ ಬೆರಳುಗಳನ್ನು ಒಂದೊಂದಾಗಿ, ನೋಯದ ಹಾಗೆ, ಬಿಡಿಸಿದಳು. ಶಾಲೆಯ ಪ್ರಾರ್ಥನೆಗೆ ನಿಲ್ಲುವ ಮುಂಚೆ ಮಾಡುವಂತೆ ಲಂಗದ ಧೂಳನ್ನು ಮುಂದೆ ಕೊಡವಿದಳು, ಹಿಂದೆ ಕೊಡವಿದಳು. ಬಿಚ್ಚಿದ ಕೂದಲನ್ನು ಕಿವಿಯ ಹಿಂದೆ ಸಿಕ್ಕಿಸಿಕೊಂಡಳು. ತಾಯಿಯ ಕಡೆ ನೋಡಲಿಲ್ಲ. ಬಾಯಿ ತೆರೆದಳು.

"ಸಾಹೇಬ್ರ," ಎಂದಳು ಬಿಜಲಿ, "ನಮ್ಮ ಆಜಿ ಹುಟ್ಟಿದ ದಿನ ಏನ್ ಕದ್ದಿದ್ಲ್ರಿ?"